ಹಾಳೆಗೆ ಚುಚ್ಚಿಟ್ಟ ಹತ್ತು ಬೋಲ್ಟು

ಸೀಮೆಎಣ್ಣೆ ಮತ್ತು ಗ್ರೀಸಿನ ವಾಸನೆ ಕಾಗದದೊಳಗೆ ಇಷ್ಟು ವರ್ಷ ಉಳಿಯುತ್ತದೆ ಎಂದು ನನಗೆ ಗೊತ್ತಿರಲಿಲ್ಲ. ಹೋದ ತಿಂಗಳು, ಮನೆಯಲ್ಲಿ ಕೂಡಿಬಿದ್ದಿದ್ದ ಪತ್ರಿಕೆಗಳನ್ನು ಕೊಡಲು ಕೊಪ್ಪದ ಗುಜರಿ ಅಂಗಡಿಗೆ ಹೋಗಿದ್ದೆ. ತಕ್ಕಡಿಯ ಪಕ್ಕದ ರಾಶಿಯಲ್ಲಿ ರಟ್ಟು ಹರಿದ ಒಂದು ಪುಸ್ತಕವಿತ್ತು. ಮೋಟಾರ್ ಸೈಕಲ್ಲನ್ನು ಮನೆಯಲ್ಲೇ ರಿಪೇರಿ ಮಾಡಿಕೊಳ್ಳುವವರಿಗಾಗಿ ಬರೆದ ಇಂಗ್ಲಿಷ್ ಮ್ಯಾನ್ಯುಯಲ್. ಎತ್ತಿಕೊಂಡರೆ ಕ್ಲಚ್ಚಿನ ಅಧ್ಯಾಯಕ್ಕೆ ತಾನಾಗಿ ತೆರೆದುಕೊಂಡಿತು. ಎಂಜಿನ್ ಕವರಿನ ಚಿತ್ರದ ಸುತ್ತ ಕೆಂಪು ಶಾಯಿಯ ಅಂಕಿಗಳು. ಏಳರ ನಡುವೆ ಅಡ್ಡಗೆರೆ ಎಳೆಯುವುದು ನನಗೆ ಹೈಸ್ಕೂಲಿನಿಂದ ಬಂದ ಅಭ್ಯಾಸ. ಅವು ನನ್ನ ಅಂಕಿಗಳು.

"ಇದು ಎಲ್ಲಿಂದ ಬಂತು?" ಎಂದು ಕೇಳಿದೆ.

"ಆಸ್ಪತ್ರೆ ರಸ್ತೆ ಮನೆದು. ಆ ನರ್ಸಕ್ಕ ಹೋಗ್ಬಿಟ್ರಲ್ಲ, ಮಳೆಗಾಲಕ್ಕೆ ಮುಂಚೆ... ಅಣ್ಣನ ಮಕ್ಕಳು ಬಂದು ಮನೆ ಖಾಲಿ ಮಾಡಿದ್ರು," ಎಂದ ಅಂಗಡಿಯವನು. ಆಮೇಲೆ, "ಬೈಕ್ ಇದ್ಯಾ ನಿಮ್ಮತ್ರ?" ಎಂದ. ಇಲ್ಲ ಎಂದು ಹೇಳಿ ಪುಸ್ತಕವನ್ನು ಚೀಲಕ್ಕೆ ಹಾಕಿಕೊಂಡೆ.

ನಾನು ಪಿಯುಸಿ ಓದುತ್ತಿದ್ದಾಗ ಮೇಗುಂದದ ಕಡೆ ನಮ್ಮ ಪಕ್ಕದ ಕ್ವಾರ್ಟರ್ಸಿನಲ್ಲಿ ಅವರಿದ್ದರು. ಸರ್ಕಾರಿ ಆರೋಗ್ಯ ಉಪಕೇಂದ್ರದ ನರ್ಸ್. ಊರಿಗೆಲ್ಲ ನರ್ಸಕ್ಕ, ನನಗೂ. ಬಸ್ಸು ಹೋಗದ ಗುಡ್ಡದ ಮೇಲೆ ಎಸ್ಟೇಟ್ ಕೂಲಿಯವರ ಲೈನ್ ಮನೆಗಳಿದ್ದವು. ತಿಂಗಳಿಗೊಮ್ಮೆ, ಒಂದು ಗುರುವಾರ, ಅಲ್ಲಿಗೆ ಹೋಗಿ ಮಕ್ಕಳಿಗೆ ಲಸಿಕೆ ಹಾಕಬೇಕು. ಅದಕ್ಕೆಂದೇ ಹಳೆಯದೊಂದು ಬೈಕು ಕೊಂಡಿದ್ದರು. ಅದರ ಜೊತೆಗೆ ಶಿವಮೊಗ್ಗದಲ್ಲಿ ಹುಡುಕಿ ಈ ಮ್ಯಾನ್ಯುಯಲ್ ಕೂಡ.

ರಿಪೇರಿಯನ್ನು ತಾವೇ ಮಾಡಿಕೊಳ್ಳುತ್ತಿದ್ದರು. ಒಮ್ಮೆ ಪೇಟೆಯ ಗ್ಯಾರೇಜಿನವನು ನನ್ನೆದುರಿಗೇ, "ಇಂಜೆಕ್ಷನ್ ಹಿಡಿಯೋ ಕೈಗೆ ಸ್ಪ್ಯಾನರ್ ಎಂತಕ್ಕೆ ಅಕ್ಕ? ನೀವು ಬಿಚ್ಚಿದ ಗಾಡಿ ನಾನು ಮುಟ್ಟಲ್ಲ, ಈಗ್ಲೇ ಹೇಳಿದೀನಿ," ಎಂದಿದ್ದ. "ಎರಡು ದಿನ ಅಂತ ಎಂಟು ದಿನ ಇಟ್ಕೊಳ್ತೀಯಲ್ಲ ಮಾರಾಯ, ಅದಕ್ಕೆ," ಎಂದು ಇವರು ನಕ್ಕು ಬಂದಿದ್ದರು. ಇಂಗ್ಲಿಷನ್ನು ಅವರು ಔಷಧಿಯ ಚೀಟಿ ಓದುವಂತೆ ಒಂದೊಂದೇ ಪದ ಬಿಡಿಸಿ ಓದುತ್ತಿದ್ದರು. ಉದ್ದ ವಾಕ್ಯ ಬಂದರೆ ನನ್ನನ್ನು ಕರೆಯುತ್ತಿದ್ದರು. ನಾನು ಹೆಚ್ಚು ಮಾತಿನವಳಲ್ಲ. ಓದಿ, ಅರ್ಥ ಹೇಳಿ, ಸುಮ್ಮನೆ ಕೂತಿರುತ್ತಿದ್ದೆ. ಅವರಿಗೂ ಅಷ್ಟು ಸಾಕಿತ್ತು ಎಂದು ಕಾಣುತ್ತದೆ...

ಆ ವರ್ಷ ಬೈಕಿನ ಕ್ಲಚ್ ಸವೆದಿತ್ತು. ಏರು ಬಂದರೆ ಎಂಜಿನ್ ಬರೀ ಕೂಗುತ್ತಿತ್ತು, ಗಾಡಿ ಮುಂದೆ ಹೋಗುತ್ತಿರಲಿಲ್ಲ. ಹಿಂದಿನ ತಿಂಗಳು ಅರ್ಧ ಗುಡ್ಡದಲ್ಲೇ ನಿಂತು, ಅವರು ನಡೆದು ಮೇಲೆ ಮುಟ್ಟುವ ಹೊತ್ತಿಗೆ ಕೂಸುಗಳನ್ನು ಎತ್ತಿಕೊಂಡು ಕಾದಿದ್ದ ಹೆಂಗಸರೆಲ್ಲ ಹೊರಟುಹೋಗಿದ್ದರು. "ಅರ್ಧ ದಿನದ ಕೆಲಸ ಬಿಟ್ಟು ಕಾದ್ವಿ ಅಕ್ಕ. ಇನ್ನೊಂದ್ಸಲ ಹಿಂಗಾದ್ರೆ ನಾವು ಬರಲ್ಲ," ಎಂದು ಒಬ್ಬಳು ಹೇಳಿಕಳಿಸಿದ್ದಳು. ಆ ಮಾತು ಅವರನ್ನು ತುಂಬ ಕೊರೆಯಿತು. ಒಮ್ಮೆ ಬರುವುದು ಬಿಟ್ಟರೆ ಮತ್ತೆ ಕರೆತರುವುದು ಎಷ್ಟು ಕಷ್ಟ ಎಂದು ಅಮ್ಮನ ಹತ್ತಿರ ಎರಡು ಮೂರು ಸಲ ಹೇಳಿಕೊಂಡಿದ್ದರು.

ಲಸಿಕೆಯ ಹಿಂದಿನ ದಿನ, ಬುಧವಾರ ಮಧ್ಯಾಹ್ನ, ಕ್ಲಚ್ಚಿನ ಹೊಸ ಪ್ಲೇಟುಗಳನ್ನು ತಂದು ತಮ್ಮ ಜಗಲಿಯಲ್ಲಿ ಎಂಜಿನ್ ಬಿಚ್ಚಿದರು. ಕವರಿಗೆ ಹತ್ತು ಬೋಲ್ಟು. ಎಲ್ಲವೂ ಒಂದೇ ಉದ್ದವಲ್ಲ, ಯಾವ ತೂತಿಗೆ ಯಾವುದೆಂದು ನೆನಪಿರಬೇಕು. ಗಿಡ್ಡ ತೂತಿಗೆ ಉದ್ದದ್ದನ್ನು ಹಾಕಿ ಬಿಗಿದರೆ ಕವರೇ ಒಡೆಯಬಹುದು. ಅದಕ್ಕೆ ಅವರದೊಂದು ಕ್ರಮವಿತ್ತು. ಒಂದು ಅಡಿಕೆ ಹಾಳೆಯ ಮೇಲೆ ಇದ್ದಿಲಿನಿಂದ ಕವರಿನ ಆಕಾರ ಬರೆದು, ಬಿಚ್ಚಿದ ಬೋಲ್ಟನ್ನು ಅದರದರ ಜಾಗದಲ್ಲೇ ಚುಚ್ಚಿಡುವುದು. ಹೊಸ ಪ್ಲೇಟು ಕೂರಿಸಿ ಮುಗಿಸುವಷ್ಟರಲ್ಲಿ ಯಾರೋ ಕಾಲಿಗೆ ಕತ್ತಿ ತಾಗಿಸಿಕೊಂಡು ಬಂದರು. ಅವರು ಕೈ ತೊಳೆದು ಉಪಕೇಂದ್ರಕ್ಕೆ ಓಡಿದರು.

ಜಗಲಿಯಲ್ಲಿ ನಾನೊಬ್ಬಳೇ. ಸಹಾಯ ಮಾಡೋಣ ಎನ್ನಿಸಿತು. ಬೋಲ್ಟುಗಳನ್ನೆಲ್ಲ ಕಿತ್ತು, ಸೀಮೆಎಣ್ಣೆಯಲ್ಲಿ ತೊಳೆದು, ಒರೆಸಿ, ಪತ್ರಿಕೆಯ ಮೇಲೆ ಉದ್ದದ ಪ್ರಕಾರ ಸಾಲಾಗಿ ಜೋಡಿಸಿದೆ. ಎಣ್ಣೆ ಕುಡಿದು ತೂತು ತೂತಾಗಿದ್ದ ಹಾಳೆಯನ್ನು ನಮ್ಮ ಬಚ್ಚಲೊಲೆಗೆ ಹಾಕಿದೆ. ಚೆನ್ನಾಗಿ ಉರಿಯಿತು.

ಅವರು ಬಂದು ಸಾಲನ್ನು ನೋಡಿದರು.

"ಹಾಳೆ ಎಲ್ಲೇ?"

"ಒಲೆಗೆ ಹಾಕ್ದೆ."

ಅವರು ಮೆಟ್ಟಿಲ ಮೇಲೆ ಕೂತುಬಿಟ್ಟರು. "ಎಂಥಾ ಅಚ್ಚುಕಟ್ಟು ಮಾರಾಯ್ತಿ ನಿಂದು! ನಾಳೆ ಆ ಹೆಂಗಸರಿಗೆ ಎಂತ ಹೇಳ್ಲಿ ನಾನು? ಹೇಳು, ಎಂತ ಹೇಳ್ಲಿ?" ಅವರ ಧ್ವನಿ ಅಷ್ಟು ಏರಿದ್ದನ್ನು ನಾನು ಅದೊಂದೇ ಸಲ ಕೇಳಿದ್ದು. ಅಮ್ಮ ಪಕ್ಕದ ನಮ್ಮ ಮನೆಯಿಂದ ಇಣುಕಿ ಹಾಗೇ ಹಿಂದೆ ಸರಿದಳು. ಗ್ಯಾರೇಜಿಗೆ ಹೋಗುವ ಮಾತೇ ಇರಲಿಲ್ಲ.

ನಾನು ಅಳಲಿಲ್ಲ. ಒಳಗೆ ಹೋಗಿ ಮ್ಯಾನ್ಯುಯಲ್ ತಂದೆ. ಚಿತ್ರದಲ್ಲಿ ಹತ್ತು ತೂತುಗಳಿದ್ದವು, ಉದ್ದ ಮಾತ್ರ ಎಲ್ಲೂ ಇರಲಿಲ್ಲ. ಎರಡು ಪುಟ ಹಿಂದೆ ಮುಂದೆ ತಿರುಗಿಸಿದ ಮೇಲೆ ಅಡಿಯಲ್ಲಿ ಸಣ್ಣಕ್ಷರದ ಒಂದು ವಾಕ್ಯ ಸಿಕ್ಕಿತು. ಬಿಗಿಯುವ ಮೊದಲು ಬೋಲ್ಟುಗಳನ್ನೆಲ್ಲ ಕೈಯಿಂದ ತೂತಿಗೆ ಇಳಿಸಿ ನೋಡಿ, ಎಲ್ಲವೂ ಒಂದೇ ಎತ್ತರಕ್ಕೆ ಹೊರಗೆ ನಿಂತರೆ ಸರಿ, ಯಾವುದಾದರೂ ಹೆಚ್ಚು ಕಡಿಮೆ ನಿಂತರೆ ಅದು ತಪ್ಪು ಜಾಗದಲ್ಲಿದೆ ಎಂದು.

"ಇನ್ನೊಂದ್ಸಲ ಓದು," ಎಂದರು.

ಓದಿದೆ. ಅವರು ಇಳಿಸುತ್ತಾ ಹೋದರು. ನಾನು ಜಾಮಿಟ್ರಿ ಬಾಕ್ಸಿನ ಸ್ಕೇಲು ತಂದು ಪ್ರತಿಯೊಂದನ್ನೂ ಅಳೆದೆ. ಮೂರನ್ನು ಅದಲು ಬದಲು ಮಾಡಬೇಕಾಯಿತು. ಸರಿಯಾದದ್ದು ಖಚಿತವಾದಾಗ ಅದರ ಉದ್ದವನ್ನು ಚಿತ್ರದ ಪಕ್ಕ ಕೆಂಪು ಶಾಯಿಯಲ್ಲಿ ಬರೆದೆ. ದೀಪ ಹಚ್ಚುವ ಹೊತ್ತಿಗೆ ಕವರು ಕೂತಿತ್ತು. ಎಣ್ಣೆ ತುಂಬಿ ಕಿಕ್ ಹೊಡೆದರು. ಗಾಡಿ ಸ್ಟಾರ್ಟ್ ಆಯಿತು. ಏರು ಹತ್ತುತ್ತದೆಯೇ ಎನ್ನುವುದು ಮಾತ್ರ ಇಬ್ಬರಿಗೂ ಗೊತ್ತಿರಲಿಲ್ಲ.

ಬೆಳಿಗ್ಗೆ ನಮ್ಮ ಗೇಟಿನ ಮುಂದೆ ಹಾರ್ನ್ ಆಯಿತು. "ಗಾಡಿ ಹತ್ತು. ನಿಂತ್ರೆ ತಳ್ಳೋಕೆ ಜನ ಬೇಕು," ಎಂದರು. ಲಸಿಕೆಯ ಡಬ್ಬಿಯನ್ನು ತೊಡೆಯ ಮೇಲಿಟ್ಟುಕೊಂಡು ಕೂತೆ. ಹಿಂದಿನ ತಿಂಗಳು ಗಾಡಿ ನಿಂತಿದ್ದ ತಿರುವು ಬಂದಾಗ ಅವರ ಬೆನ್ನು ಬಿಗಿಯಾದದ್ದು ನನಗೆ ಗೊತ್ತಾಯಿತು. ಗೇರು ಇಳಿಸಿದರು. ಬೈಕು ಒಂದು ಕ್ಷಣ ಯೋಚಿಸಿದಂತೆ ಮಾಡಿ, ಎಳೆಯಿತು.

ಲೈನ್ ಮನೆಗಳ ಮುಂದೆ ಹೆಂಗಸರು ಆಗಲೇ ಕೆಲಸಕ್ಕೆ ಹೊರಟಂತೆ ತಲೆಗೆ ಬಟ್ಟೆ ಕಟ್ಟಿಕೊಂಡು ನಿಂತಿದ್ದರು. ಕೂಸುಗಳೂ ಕಂಕುಳಲ್ಲಿದ್ದವು.

"ಬಂದ್ರಲ್ಲಕ್ಕ! ಗಾಡಿ ಸರಿ ಆಯ್ತಾ?"

"ಗಾಡಿಗೆ ಎಂತ ಇಲ್ಲ. ಇವಳಿಗೆ ಒಂಚೂರು ಚೊಕ್ಕ ಮಾಡೋ ಕಾಯಿಲೆ. ಅದಕ್ಕೆ ಇಂಜೆಕ್ಷನ್ ಬಂದಿಲ್ಲ ಇನ್ನೂ," ಎಂದರು ನರ್ಸಕ್ಕ. ಎಲ್ಲರೂ ನಕ್ಕರು. ನನಗೂ ನಗು ಬಂತು. ಅವತ್ತು ಒಂದು ಮಗುವೂ ತಪ್ಪಲಿಲ್ಲ.

ಮರುವರ್ಷ ಅವರಿಗೆ ವರ್ಗವಾಯಿತು. ನಾನು ಡಿಗ್ರಿ, ಎಂ.ಎಸ್ಸಿ. ಎಂದು ಊರು ಬಿಟ್ಟೆ. ನಿವೃತ್ತರಾಗಿ ಕೊಪ್ಪದಲ್ಲಿ ಮನೆ ಮಾಡಿದ ಮೇಲೆ ಅವರು ಅಮ್ಮನಿಗೆ ಸಿಕ್ಕಾಗಲೆಲ್ಲ, "ಬರ್ಲಿಕ್ಕೆ ಹೇಳಿ ಅವಳಿಗೆ, ಕಾಯ್ತಿರ್ತೀನಿ," ಎನ್ನುತ್ತಿದ್ದರಂತೆ. ನಾನೀಗ ನರಸಿಂಹರಾಜಪುರದಲ್ಲಿ ಕಾಲೇಜಿನಲ್ಲಿ ಪಾಠ ಮಾಡುತ್ತೇನೆ. ವಾರ ವಾರ ಮನೆಗೆ ಬಂದು ಹೋಗುವಾಗ ಕೊಪ್ಪದಲ್ಲಿ ಬಸ್ಸು ಬದಲಾಯಿಸಬೇಕು. ಆಸ್ಪತ್ರೆ ರಸ್ತೆ ಅಲ್ಲಿಂದ ಐದು ನಿಮಿಷ. ಹೋಗದಿರಲು ಕಾರಣವೇನೂ ಇರಲಿಲ್ಲ... ಮುಂದಿನ ವಾರ, ಪರೀಕ್ಷೆ ಮುಗಿದ ಮೇಲೆ ಎನ್ನುತ್ತಾ ಹಾಗೇ ದಿನ ಕಳೆಯಿತು.

ಗುಜರಿ ಅಂಗಡಿಯಿಂದ ಹೊರಗೆ ಬಂದು ಅಮ್ಮನಿಗೆ ಫೋನ್ ಮಾಡಿ, ನನಗೇಕೆ ಹೇಳಲಿಲ್ಲ ಎಂದು ಕೇಳಿದೆ. "ಊರಿನ ವಾಟ್ಸಾಪ್ ಗ್ರೂಪಲ್ಲಿ ಬಂದಿತ್ತಲ್ಲೇ. ನೀನು ನೋಡಿದೀಯ ಅಂದ್ಕೊಂಡೆ," ಎಂದಳು.

ಗ್ರೂಪಿನ ಮೆಸೇಜುಗಳನ್ನು ಹಿಂದಕ್ಕೆ ಸರಿಸುತ್ತಾ ಹೋದೆ. ಸಿಕ್ಕಿತು. ಕನ್ನಡಕ ಹಾಕಿದ, ತೀರ ಬಡವಾದ ಒಂದು ಮುಖ. ಕೆಳಗೆ ಪೂರ್ತಿ ಹೆಸರು. ಅವರಿಗೆ ಆ ಹೆಸರಿತ್ತೆಂದು ನನಗೆ ಆಗ ಗೊತ್ತಾಯಿತು. ಅದರ ಕೆಳಗೆ ಊರಿನವರು ಹಾಕಿದ ಕೈಮುಗಿದ ಚಿತ್ರಗಳ ಸಾಲು. ಒಂಬತ್ತನೆಯದು ನನ್ನದು. ಸೋಮವಾರ ಬೆಳಿಗ್ಗೆ ಎಂಟು ಹತ್ತಕ್ಕೆ ಹಾಕಿದ್ದೆ, ಯಾರೆಂದು ನೋಡದೆ, ಕೊಪ್ಪದ ಬಸ್ ಸ್ಟ್ಯಾಂಡಿನಲ್ಲಿ ಕೂತುಕೊಂಡು.