ಟ್ರೇ ಹಿಡಿದ ಕಾಂತಪ್ಪ ಅಂಕಲ್

ನಮ್ಮ ಪೆಂಡಲ್ ಹಿಲ್ ಬಡಾವಣೆಯ ಕಾಂತಪ್ಪ ಅಂಕಲ್ ತೊಂಬತ್ತೆರಡರಲ್ಲೂ ಮನೆಯೊಳಗೆ ನಡೆಯುವಾಗ, ಇಲ್ಲದ ಕ್ಯಾಮೆರಾಕ್ಕೆ ಬೆನ್ನು ತೋರಿಸುವುದಿಲ್ಲ! ಲಂಡನ್ನಿನ ಟಿವಿ ಕಪ್ಪುಬಿಳುಪಾಗಿದ್ದಾಗ ಅದರ ನಾಟಕಗಳಲ್ಲಿ ಇವರೇ ಖಾಯಂ ವೇಟರ್. ಪಾತ್ರಕ್ಕಿಂತ ಕೈಯಲ್ಲಿದ್ದ ಪಾತ್ರೆಯೇ ದೊಡ್ಡದು. ಎಲ್ಲವೂ ನೇರಪ್ರಸಾರ, ಒಂದೂ ರೆಕಾರ್ಡ್ ಆಗಿಲ್ಲ. ಹಾಗಾಗಿ ಮನೆಗೆ ಬಂದವರಿಗೆಲ್ಲ ತಾವೇ ಮರುಪ್ರಸಾರ ಮಾಡುತ್ತಾರೆ. "ಹೀರೋ ಮಾತು ಮರೆತು ನಿಂತುಬಿಟ್ಟ ಮಾರಾಯ್ರೆ! ಇಡೀ ಇಂಗ್ಲೆಂಡ್ ನೋಡ್ತಾ ಉಂಟು! ನಾನು ಟ್ರೇ ಹಿಡ್ಕೊಂಡು ನುಗ್ಗಿದವನೇ ಹೇಳಿದೆ..." ಎಂದು ಪ್ರತಿ ಸಲ ಏರುವ ಸ್ವರ, ಮೊನ್ನೆ ಹೊಸ ಅತಿಥಿಗಳೆದುರು ಅಲ್ಲೇ ನಿಂತಿತು. ಏನು ಹೇಳಿದ್ದೆಂಬುದೇ ಅವರಿಗೆ ಮರೆತುಹೋಗಿತ್ತು. ನಾವೆಲ್ಲ ನೆಲ ನೋಡಿದೆವು. ಆಗ, ಐವತ್ತು ವರ್ಷದಿಂದ "ಸಾಕು ಮಾರಾಯ್ರೆ ನಿಮ್ಮ ಟಿವಿ ಪುರಾಣ" ಎನ್ನುತ್ತಿದ್ದ ಹೆಂಡತಿ ವಿನೋದಾ ಆಂಟಿ ಕಾಫಿ ಟ್ರೇ ಹಿಡಿದು ಬಂದು, ತಲೆಬಾಗಿಸಿ, "ಸರ್, ನಿಮಗೆ ಫೋನ್ ಬಂದಿದೆ" ಎಂದು ಆ ಮರೆತ ಮಾತನ್ನೇ ಹೇಳಿದರು. ಅಂಕಲ್ ಮೊದಲ ಬಾರಿಗೆ ಹೀರೋ ಆಗಿ, ಗಾಳಿಯಲ್ಲೇ ಫೋನ್ ಎತ್ತಿಕೊಂಡರು.