ಲವೀನಾ ಟೀಚರರ ಹಳದಿ ಚೀಟಿ

ಊರಿನಿಂದ ಕೊರಿಯರ್‌ನಲ್ಲಿ ಒಂದು ಲಕೋಟೆ ಬಂದಿದೆ. ಒಳಗೆ ತಮ್ಮ ಕಳಿಸಿದ ಜಾಗದ ಕಾಗದಗಳು. ನಾನು ಸಹಿ ಹಾಕಬೇಕಾದ ಕಡೆಗೆಲ್ಲ ಹಳದಿ ಚೀಟಿ ಅಂಟಿಸಿದ್ದಾನೆ. ಅಕ್ಕನಿಗೆ ಓದುವ ಕಷ್ಟ ಬೇಡವೆಂಬ ಪ್ರೀತಿ. ಎಂಬೆಸಿಗೆ ಹೋಗಿ ಸಹಿ ಹಾಕಿದರೆ ಖಲಾಸ್ ಎಂದರು ನನ್ನ ಗಂಡ. ನನಗೋ ಆ ಚೀಟಿಗಳನ್ನು ಕಂಡದ್ದೇ ಲವೀನಾ ಟೀಚರ್ ನೆನಪಾದರು.

ಗಲ್ಫಿನಲ್ಲಿ ನಾವಿರುವ ಅಲ್ ಮವಾಲೇಹ್‌ನ ಇದೇ ಕಟ್ಟಡದಲ್ಲಿ ಅವರು ನಮ್ಮ ಮೇಲಿನ ಮನೆಯಲ್ಲಿದ್ದರು. ಮಂಗಳೂರಿನವರು, ಇಲ್ಲಿಯ ಕಾಲೇಜೊಂದರಲ್ಲಿ ಅಮೆರಿಕದ ಸಾಹಿತ್ಯ ಕಲಿಸುತ್ತಿದ್ದರು. ಅವರ ಮನೆಮಾತು ಕೊಂಕಣಿ, ನನ್ನದು ತುಳು. ಜಗಳವಿಲ್ಲದೆ ಕನ್ನಡಕ್ಕೆ ಒಪ್ಪಿಕೊಂಡೆವು. ಅವರ ಪುಸ್ತಕಗಳ ತುಂಬ ಹಳದಿ ಚೀಟಿ. ಇಷ್ಟವಾದ ಸಾಲಿಗೆ ಗುರುತು ಅಂದುಕೊಂಡಿದ್ದೆ. ಅಲ್ಲವಂತೆ, ಅನುಮಾನ ಬಂದ ಕಡೆಗೆ ಅಂಟಿಸುವುದಂತೆ. ಕಾದಂಬರಿಯಲ್ಲಿ ಯಾರಾದರೂ ಹೊಲವನ್ನು ತಾಯಿ ಎಂದು ಕೊಂಡಾಡಿದರೆ ಅಲ್ಲೊಂದು ಚೀಟಿ. ಆ ಹೊಲದಲ್ಲಿ ದುಡಿದವಳ ಹೆಸರು ಹೊಲದ ಕಾಗದದಲ್ಲಿ ಇಲ್ಲದಿದ್ದರೆ ಇನ್ನೊಂದು. ಅಮೆರಿಕದ ಎಷ್ಟೋ ವಿಶ್ವವಿದ್ಯಾಲಯಗಳು ಮೂಲನಿವಾಸಿಗಳಿಂದ ಕಿತ್ತುಕೊಂಡ ನೆಲದಿಂದ ಬೆಳೆದವು ಎಂದು ಚೀಟಿಯಲ್ಲಿ ಬರೆಯುವುದೂ ಇತ್ತು. ಕಾಲೇಜಿನ ಅನ್ನ ಉಂಡು ಕಾಲೇಜಿನ ಗಳ ಎಣಿಸುವ ಇವರೆಂಥ ಟೀಚರ್, ನೀವೇ ಹೇಳಿ. ನಾನು ಅವರನ್ನೇ ಅನುಮಾನಿಸಿದೆ.

ಕಾರಣವೂ ಇತ್ತು. ನಾನು ಕೊಟ್ಟ ನೀರುದೋಸೆ ತಿನ್ನುತ್ತಲೇ ನನ್ನ ಊರಿನ ಜಾಗದ ಬಗ್ಗೆ ಕೇಳುವರು, ಪುಟ್ಟ ಪುಸ್ತಕದಲ್ಲಿ ಬರೆದುಕೊಳ್ಳುವರು. ನಿನ್ನನ್ನೂ ಪುಸ್ತಕಕ್ಕೆ ಹಾಕುತ್ತಾರೆ ಎಂದು ಗಂಡ ಎಚ್ಚರಿಸಿದರು. ಅಂದಿನಿಂದ ದೋಸೆ ಕೊಟ್ಟು ಮಾತು ಉಳಿಸಿಕೊಂಡೆ. ಆದರೆ ಜಂಬ ಬಿಡಬೇಕಲ್ಲ. ನಮ್ಮದು ಅಳಿಯಕಟ್ಟು, ಆಸ್ತಿ ಬರುವುದೇ ಹೆಣ್ಣಿನ ಕಡೆಯಿಂದ, ಅಮ್ಮನ ಗುಡ್ಡೆ ನನ್ನ ಹೆಸರಿನಲ್ಲೇ ಇದೆ ಎಂದು ಒಮ್ಮೆ ಹೇಳಿಯೇಬಿಟ್ಟೆ.

"ಹೆಸರು ನಿಮ್ದೇ, ಸರಿ," ಅಂದರು ಟೀಚರ್. "ಕಾಗದ ಓದಿದ್ದುಂಟಾ, ಅಲ್ಲ ಸಹಿ ಮಾತ್ರವಾ?"

ಅದನ್ನೆಲ್ಲ ತಮ್ಮ ನೋಡಿಕೊಳ್ಳುತ್ತಾನೆ ಅಂದೆ. ಅದನ್ನು ಅವರು ಬರೆದುಕೊಳ್ಳಲೂ ಇಲ್ಲ. ನನಗೆ ಅದೇ ಸಿಟ್ಟು ತರಿಸಿತು. ಮುಂದಿನ ವರ್ಷ ಅವರು ಊರಿಗೆ ಮರಳಿದಾಗ ಕೆಳಗಿಳಿದು ಕಳಿಸಿಕೊಡಲೂ ಇಲ್ಲ. ನೆನೆದರೆ ಈಗ ನಾಚಿಕೆಯಾಗುತ್ತದೆ.

ಈಗ ಅದೇ ಗುಡ್ಡೆಯಲ್ಲಿ ಹೆಣ್ಣುಮಕ್ಕಳ ಕಾಲೇಜು ಏಳುತ್ತದಂತೆ, ಅದಕ್ಕೆ ಅಮ್ಮನ ಹೆಸರಿಡುತ್ತಾರಂತೆ, ಈ ಕಾಗದಗಳೂ ಅದಕ್ಕೇ ಅಂತೆ. ತಮ್ಮ ಫೋನಿನಲ್ಲಿ ಹೇಳಿದಾಗ ನನ್ನ ಕಣ್ಣು ತುಂಬಿತ್ತು. ಭೂಮಿ ಅಂದರೆ ತಾಯಿ ಅಲ್ಲವಾ ಅಕ್ಕ ಎಂದೂ ಸೇರಿಸಿದ್ದ. ಟೀಚರ್ ಆಗಿದ್ದರೆ ಆ ಮಾತಿಗೆ ಚೀಟಿ ಅಂಟಿಸುತ್ತಿದ್ದರು.

ಕನ್ನಡಕ ಹಾಕಿಕೊಂಡು ಓದಲು ಕೂತೆ. ಹನ್ನೊಂದು ಪುಟಗಳಲ್ಲಿ ಕಾಲೇಜು ಎಂಬ ಮಾತು ಒಮ್ಮೆಯೂ ಇಲ್ಲ. ಆರನೇ ಪುಟದ ನಡುವೆ, ಚೀಟಿಯಿಲ್ಲದ ಕಡೆ, ನನ್ನೆಲ್ಲ ಹಕ್ಕನ್ನು ಸ್ವಂತ ಇಚ್ಛೆಯಿಂದ ತಮ್ಮನಿಗೆ ಬಿಟ್ಟುಕೊಟ್ಟಿದ್ದೇನೆ ಎಂದಿದೆ.

ಸಹಿಯ ಜಾಗದಿಂದ ಒಂದೊಂದೇ ಚೀಟಿ ಕಿತ್ತು ಅಂಥ ಸಾಲುಗಳಿಗೆ ಅಂಟಿಸಿದೆ. ತಮ್ಮನಿಗೆ ಫೋನ್ ಮಾಡಿ ಆರನೇ ಪುಟ ಓದಿ ಹೇಳಿದೆ.

"ಅಕ್ಕ, ಇದನ್ನೆಲ್ಲ ಓದ್ಲಿಕ್ಕೆ ನಿಂಗೆ ಯಾರು ಹೇಳಿದ್ದು?"

ಮೇಲಿನ ಮನೆಯವರು, ಅಂದೆ.