ಬುಡವ್ವ ಅದ್ನ

ಫ್ರಾನ್ಸಿನಿಂದ ಬಂದ ಒಬ್ಬ ಚಿತ್ರನಿರ್ದೇಶಕಿಗೆ ನಾನು ಮೂರು ವಾರ ದುಭಾಷಿಯಾಗಿದ್ದೆ. ಇಂಗ್ಲಿಷ್ ಬರುತ್ತದೆ, ಮಂಡ್ಯದ ಕಾಲೇಜಿನಲ್ಲಿ ಚರ್ಚಾಸ್ಪರ್ಧೆ ಗೆದ್ದಿದ್ದೇನೆ ಎಂಬುದಷ್ಟೇ ನನ್ನ ಅರ್ಹತೆ. ಅರವತ್ತು ದಾಟಿದ ಅವರು ಕಥೆಯನ್ನೂ ತಾವೇ ಬರೆದು, ಕ್ಯಾಮೆರಾವನ್ನೂ ತಾವೇ ಹೊತ್ತು, ಒಂದೊಂದು ಚಿತ್ರಕ್ಕೆ ಆರೇಳು ವರ್ಷ ತೆಗೆದುಕೊಳ್ಳುತ್ತಿದ್ದರು. ನಿರ್ಮಾಪಕರು ಚಿತ್ರಕ್ಕೆ ತಮಗೆ ಬೇಕಾದ ಕೊನೆ ಕೇಳುತ್ತಾರೆಂದು ಅವರ ಬಾಗಿಲಿಗೆ ಹೋಗುತ್ತಿರಲಿಲ್ಲ. ಯಾರೂ ನೋಡದ ಚಿತ್ರದ ಸ್ವಾತಂತ್ರ್ಯ ಯಾರಿಗೆ ಬೇಕು ಎಂದು ನಾನು ದಾರಿಯುದ್ದಕ್ಕೂ ವಾದಿಸುತ್ತಿದ್ದೆ. ನೀನೇ ಗೆದ್ದೆ, ಈಗ ಕೆಲಸ ಮಾಡೋಣ ಎನ್ನುತ್ತಿದ್ದರು. ಅಂಥ ಗೆಲುವು ನನಗೆ ಹಿಡಿಸುತ್ತಿರಲಿಲ್ಲ.

ಕೊತ್ತತ್ತಿಯ ಗದ್ದೆಗಳಲ್ಲಿ ನಾಟಿ ಹಾಕುವ ಹೆಂಗಸರ ಮೇಲಿನ ಚಿತ್ರ ಅದು. ಕೆಸರಿಗಿಳಿದ ನಿರ್ದೇಶಕಿಯನ್ನು ನೋಡಿ, ಈ ಯಮ್ಮಂಗೆ ಕೂಲಿ ಕೊಡೋರ್ ಯಾರವ್ವ ಎಂದು ಆ ಹೆಂಗಸರು ನಗುತ್ತಿದ್ದರು. ಅವರಲ್ಲೊಬ್ಬಾಕೆ ಒಂದು ಮಧ್ಯಾಹ್ನ ಬದುವಿನ ಮೇಲೆ ಕೂತು ಕ್ಯಾಮೆರಾ ಮುಂದೆ ಹೇಳಿಬಿಟ್ಟಳು. ಚೊಚ್ಚಲ ಮಗಳನ್ನು ಮಕ್ಕಳಿಲ್ಲದ ತನ್ನ ಅಕ್ಕನಿಗೆ ಕೊಟ್ಟಿದ್ದಳಂತೆ. ದುದ್ದದಲ್ಲಿ ಬೆಳೆದ ಆ ಹುಡುಗಿ ಇವಳನ್ನು ಚಿಕ್ಕವ್ವ ಎನ್ನುತ್ತಾಳೆ. ನಿಜ ಅವಳಿಗೆ ಇಂದಿಗೂ ಗೊತ್ತಿಲ್ಲ. ಇಷ್ಟು ಹೇಳಿ, ಸೆರಗಿನಿಂದ ಬಾಯಿ ಒರೆಸಿಕೊಂಡು, "ಬುಡವ್ವ ಅದ್ನ" ಎಂದಳು.

ನಮ್ಮ ಕಡೆ ಬುಡು ಎಂದರೆ 'ಹೋಗಲಿ, ಮುಗಿದ ಮಾತು' ಎಂದೂ ಆಗುತ್ತದೆ, 'ಅದನ್ನು ಸೇರಿಸಬೇಡ, ಕೈಬಿಡು' ಎಂದೂ ಆಗುತ್ತದೆ. ಅದನ್ನೆಲ್ಲ ಆಕೆ ಮನಸ್ಸಿನಿಂದ ಬಿಟ್ಟಾಗಿದೆ ಎಂದು ನಾನು ಇಂಗ್ಲಿಷಿನಲ್ಲಿ ಹೇಳಿದೆ. ಆ ಕ್ಷಣಕ್ಕೆ ಅದೇ ಚೆನ್ನಾಗಿ ಕೇಳಿಸಿತು. ನಿರ್ದೇಶಕಿ ಕ್ಯಾಮೆರಾ ಆರಿಸಿ, ಚಿತ್ರದ ಕೊನೆ ಸಿಕ್ಕಿತು ಎಂದರು.

ಕಳೆದ ತಿಂಗಳು ಅವರು ಮುಗಿದ ಚಿತ್ರವನ್ನು ಕಳಿಸಿ, ಸಬ್‌ಟೈಟಲ್ ಸರಿಯಿದೆಯೇ ನೋಡು ಎಂದು ಬರೆದರು. ಮಂಡ್ಯದಲ್ಲೂ ತೋರಿಸುವ ಆಸೆ ಅವರಿಗೆ. ಕೊನೆಯಲ್ಲಿ ನನ್ನದೇ ಅನುವಾದ ಓದಿ ನನಗೆ ಸಮಾಧಾನವಾಗಲಿಲ್ಲ. ಫೋನು ಹಿಡಿದು ಕೊತ್ತತ್ತಿಗೆ ಹೋಗಿ, ಮಗಳನ್ನು ಕೊಟ್ಟಿದ್ದ ಆಕೆಗೆ ತೋರಿಸಿದೆ. ತನ್ನ ಮಾತು ಶುರುವಾದದ್ದೇ ಆಕೆ ಪರದೆಯ ಮೇಲೆ ಅಂಗೈ ಇಟ್ಟಳು.

"ಬುಡು ಅಂದಿದ್ದು ಕೇಳಿಸ್ನಿಲ್ವಾ ಮಗ?"

ಆ ಮಾತಿಗೆ ಎರಡು ಅರ್ಥ ಇದೆಯಲ್ಲಕ್ಕ ಎಂದೆ.

"ಓದಿರೋ ನಿಂಗೆ ಎಲ್ಡು. ನಂಗೊಂದೇಯ. ನನ್ ಮಗ್ಳ ಕೈಲೂ ಫೋನದೆ ಕಣವ್ವ."

ವಾಪಸು ಬರುವ ಬಸ್ಸಿನಲ್ಲೇ ನಿರ್ದೇಶಕಿಗೆ ಬರೆದೆ: ಅನುವಾದ ತಪ್ಪಿದೆ, ಆ ಭಾಗ ತೆಗೆಯಿರಿ. ಮರುದಿನ ಉತ್ತರ ಬಂತು. ತೆಗೆಯುತ್ತೇನೆ, ಬೇರೆ ಕೊನೆ ಹುಡುಕಲು ಇನ್ನೆರಡು ವರ್ಷ ಹಿಡಿಯಬಹುದು ಎಂದಿದ್ದರು. ಕೆಳಗೊಂದು ಪ್ರಶ್ನೆ: ಆಕೆ ಹೇಳಿದ್ದು ನಿನಗೆ ಅವತ್ತು ಅರ್ಥವಾಗಿರಲಿಲ್ಲವೇ?

ಆಗಿರಲಿಲ್ಲ ಎಂದು ಸಾಧಿಸಬಲ್ಲೆ. ನಿಘಂಟೂ ನನ್ನ ಪರವಾಗಿಯೇ ಸಾಕ್ಷಿ ಹೇಳುತ್ತದೆ. ಆದರೆ ಆ ಮಾತು ಆಡುವಾಗ ಆಕೆ ಕ್ಯಾಮೆರಾ ಬಿಟ್ಟು ನನ್ನ ಕಡೆ ತಿರುಗಿದ್ದಳು. ಅರ್ಥವಾಗಿತ್ತು ಎಂದು ಬರೆದು ಕಳಿಸಿದೆ.